ಕೆರೆ ದಂಡೆಯಲ್ಲಿ ಒಂದು ‘ಜೈ’

ಆ ಜಿಂಕೆಗಳನ್ನು ಓಡಿಸಿದವನು ನಾನೇ. ಬೈಯುವವರು ಸಾಲಾಗಿ ಬನ್ನಿ. ಮೊದಲ ಪಾಳಿ ನನ್ನ ಸೋದರಮಾವನದು.

ತಾಂಡೂರಿನಾಚೆ ಗುಡ್ಡದ ಮೇಲೊಂದು ಕೆರೆ. ಸುತ್ತಲಿನ ಕಾಡಿಗೆ ಮಾವನೇ ಅರಣ್ಯ ಇಲಾಖೆಯ ಕಾವಲುಗಾರ. ಕೆರೆಯ ಪಕ್ಕದಲ್ಲೇ ಹಳೇ ಕಾಲದ ವ್ಯಾಪಾರದ ದಾರಿ. ಬೀದರಿನಿಂದ ಗೋಲ್ಕೊಂಡದ ಕಡೆ ಹೇರು ಹೊತ್ತ ಎತ್ತುಗಳು ನಡೆದು ನಡೆದು ಕಲ್ಲುಗಳು ಊಟದ ತಟ್ಟೆಯಂತೆ ಸವೆದಿವೆ. ಈಗ ಅದರ ಮೇಲೆ ನೀರಿಗೆ ಇಳಿಯುವವು ಜಿಂಕೆಗಳು. ನೆಲಕ್ಕೆ ಹಾಸುವ ಫರ್ಶಿಕಲ್ಲು ಸಾಗಿಸುವವರಿಗೆ ಅದೇ ದಾರಿ ಟ್ರ್ಯಾಕ್ಟರಿಗೆ ಬೇಕಾಗಿತ್ತು. ‘ಅಲ್ಲಿ ಪ್ರಾಣಿನೂ ಇಲ್ಲ, ಏನೂ ಇಲ್ಲ, ಬರೇ ಒಬ್ಬ ಮುದಿ ಕಾವಲುಗಾರನ ಕೆಮ್ಮು’ ಎಂದು ಇಲಾಖೆಯ ಮೇಲಿನವರಿಗೆ ಹೇಳಿಬಂದಿದ್ದರು. ದಾರಿಗೆ ಟ್ರ್ಯಾಕ್ಟರ್ ಬಂದರೆ ಜಿಂಕೆಗಳು ಕೆರೆ ಬಿಡುತ್ತವೆಂಬ ಚಿಂತೆಯಲ್ಲಿ ಮಾವನಿಗೆ ರೊಟ್ಟಿಯೂ ಇಳಿಯುತ್ತಿರಲಿಲ್ಲ.

ಕಣ್ಣಾರೆ ನೋಡಿಯೇ ತೀರ್ಮಾನಿಸುತ್ತೇನೆಂದು ರೇಂಜರ್ ಸಾಹೇಬರು ಬಂದರು. ಮನೂರ್ ಕಡೆಯವರು, ನಮ್ಮ ಹಾಗೆ ಕನ್ನಡ ಮಾತಿನವರೇ. ಪ್ರತ್ಯೇಕ ತೆಲಂಗಾಣ ರಾಜ್ಯಕ್ಕಾಗಿ ನಡೆದಿದ್ದ ನೌಕರರ ಮೆರವಣಿಗೆಯಲ್ಲಿ ಕೂಗಿ ಕೂಗಿ ಅವರ ಗಂಟಲು ಒಡೆದಿತ್ತು. ಅದೇ ಚಳವಳಿಗೆ ಕಾಲೇಜು ಬಂದ್, ಬಸ್ಸು ಬಂದ್. ಬಾಯಿ ಮಾತ್ರ ಚಾಲೂ ಇದ್ದ ನಾನೂ ಜೊತೆಗೂಡಿದೆ. ಸಂಜೆ ಮೂವರೂ ಪೊದೆಯ ಹಿಂದೆ ಕೂತೆವು.

“ಸಾಹೇಬ್ರ, ಕೆಮ್ಮಬ್ಯಾಡ್ರಿ,” ಎಂದ ಮಾವ. ನನ್ನ ಕಡೆ ತಿರುಗಿ, “ನೀ ಉಸರೂ ಬಿಡಬ್ಯಾಡ!”

ಬಂದವು. ಒಂದರ ಹಿಂದೊಂದು, ಮರಿಗಳ ಸಮೇತ. ಮಾವನ ಮುಖ ಮದುವೆಮನೆಯಾಯಿತು. ಒಂದು ಗಂಡುಜಿಂಕೆ ಕಲ್ಲಿನ ಮೇಲೆ ಹತ್ತಿ, ಕತ್ತೆತ್ತಿ, ಆಚೀಚೆ ನೋಡಿತು. ಭಾಷಣ ಶುರು ಮಾಡುವ ಮುಂಚೆ ನಮ್ಮೂರ ಲೀಡರು ನಿಲ್ಲುವುದು ಥೇಟ್ ಹಾಗೆಯೇ! ನನ್ನ ಹಾಳು ಗಂಟಲು ತಡೆಯಲಿಲ್ಲ. ಲೀಡರ ದನಿಯಲ್ಲಿ, ಮೆಲ್ಲಗೆ, “ಜೈ...” ಎಂದೆ.

ಆ ದಿನಗಳಲ್ಲಿ ಯಾರಾದರೂ ‘ಜೈ’ ಅಂದರೆ ಸಾಕು, ಬಾಯಲ್ಲಿ ತುತ್ತಿರಲಿ, ತಲೆಗೆ ಸೋಪಿರಲಿ, ಉಳಿದದ್ದು ತಾನಾಗಿ ಹೊರಬೀಳುತ್ತಿತ್ತು.

“ತೆಲಂಗಾಣ!” ಸಾಹೇಬರು ಮುಷ್ಟಿ ಎತ್ತಿ ಎದ್ದೇ ನಿಂತರು. ಮಾವನ ಮುಷ್ಟಿಯೂ ಅರ್ಧ ಮೇಲೆ ಹೋಗಿತ್ತು.

ನೀರು ಸಿಡಿಯಿತು, ಬಾಲಗಳು ಮಿಂಚಿದವು, ಕೆರೆ ಖಾಲಿ. ನಾನು ಹೊಟ್ಟೆ ಹಿಡಿದು ಉರುಳಾಡಿದೆ. ಮಾವನ ಮುಖ ಕಂಡಾಗ ನಗು ಅರ್ಧಕ್ಕೇ ನಿಂತಿತು.

ಸಾಹೇಬರು ಮುಷ್ಟಿಯನ್ನು ಪ್ಯಾಂಟಿನ ಜೇಬಿಗೆ ತುರುಕಿ, ನಾಚುತ್ತ ಕೇಳಿದರು: “ಮತ್ತ ಬರ್ತಾವೇನ್ರಿ ಅವು?”

ಟ್ರ್ಯಾಕ್ಟರಿನ ಮಾತು ಅಲ್ಲಿಗೇ ಮುಗಿದದ್ದು ಮಾವನ ಉತ್ತರದಿಂದ:

“ನೀವು ಒಂದ್ ಸಲ ಒದರಿದ್ದಕ್ಕ ಹಿಂಗ ಓಡ್ಯಾವ್ರಿ. ದಿನಾ ಟ್ರ್ಯಾಕ್ಟರ್ ಒದರಿದ್ರ ಬರ್ತಾವೋ ಇಲ್ಲೋ, ನೀವೇ ಹೇಳ್ರಿ.”