ಫರಸಿಯೊಳಗಿನ ಹುಳ

ಧಾರವಾಡದ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಪಾಠ ಹೇಳುತ್ತಿದ್ದಾಗ ಸಮುದ್ರದ ಬಿರುಗೂದಲು ಹುಳವನ್ನು ನಾನು ಪ್ರತಿ ವರ್ಷ ಕರಿಹಲಗೆಯ ಮೇಲೆ ಬರೆಯುತ್ತಿದ್ದೆ. ತಲೆ, ಜೋಡಿ ದವಡೆ, ಉಂಗುರ ಉಂಗುರದ ಮೈ, ಎರಡೂ ಪಕ್ಕಕ್ಕೆ ಪುಟ್ಟ ಪುಟ್ಟ ಕಾಲು, ಕಾಲಿನ ತುದಿಗೆ ಬಿರುಗೂದಲ ಕುಚ್ಚು. ಕಣ್ಣು ಮುಚ್ಚಿಕೊಂಡೂ ಬರೆದೇನು. ಆಮೇಲೆ ಗಂಡನಿಗೆ ಜರ್ಮನಿಯ ನ್ಯೂರೆಂಬರ್ಗ್‌ನಲ್ಲಿ ಕೆಲಸ ಸಿಕ್ಕಿತು, ನಾನೂ ಗಂಟುಮೂಟೆ ಕಟ್ಟಿದೆ. ಇಲ್ಲಿ ನನ್ನ ಜರ್ಮನ್ ತರಕಾರಿ ಅಂಗಡಿ ದಾಟುವುದಿಲ್ಲ. ನೀವೇನು ಮಾಡುತ್ತೀರಿ ಎಂದು ಯಾರಾದರೂ ನನ್ನನ್ನು ಕೇಳಿದರೆ ಗಂಡನೇ ಮುಂದಾಗಿ, ಮನೆಯಲ್ಲಿರುತ್ತಾಳೆ ಎಂದು ಹೇಳಿ ಮುಗಿಸುತ್ತಾರೆ. ಆ ಉತ್ತರಕ್ಕೆ ನನಗೆ ಮೈಯೆಲ್ಲ ಉರಿಯುತ್ತದೆ.

ಕಳೆದ ಬೇಸಿಗೆಯ ಒಂದು ಶನಿವಾರ ಊರಾಚೆಯ ಸುಣ್ಣಕಲ್ಲಿನ ಗಣಿಗೆ ಹೋದೆವು. ಅಲ್ಲಿ ಸುತ್ತಿಗೆ, ಚಾಣ ಬಾಡಿಗೆಗೆ ಕೊಡುತ್ತಾರೆ. ಕಲ್ಲು ಸೀಳಿ ಪಳೆಯುಳಿಕೆ ಹುಡುಕಬಹುದು. ಕಲ್ಲು ನೋಡಿದರೆ ಥೇಟ್ ನಾವು ನೆಲಕ್ಕೆ ಹಾಸುವ ಶಹಾಬಾದ್ ಫರಸಿ, ಪದರು ಪದರು. ಸ್ವಲ್ಪ ಹೊತ್ತಿಗೇ ನನಗೊಂದು ಸಿಂಬೆ ಸುತ್ತಿದ ದಾರದಂಥದು ಸಿಕ್ಕಿತು. "ಹುಳಾ! ಹುಳಾ ಸಿಕ್ತು!" ಎಂದು ಗಣಿಯೆಲ್ಲ ಕೇಳುವಂತೆ ಕಿರುಚಿದೆ.

ಗಣಿ ನೋಡಿಕೊಳ್ಳುವ ಮುದುಕರು ಬಂದರು. ಕೊರಳಲ್ಲಿ ನೇತಾಡುತ್ತಿದ್ದ ಭೂತಗನ್ನಡಿ ಹಿಡಿದು ನೋಡಿದರು, ನಕ್ಕು ಏನೋ ಹೇಳಿದರು. ನನ್ನ ಗಂಡನಿಗೆ ಹಬ್ಬವೋ ಹಬ್ಬ.

"ಎಲ್ಲಾರೂ ಇದನ್ನ ನೋಡಿ ಹುಳಾ ಅಂತಾರಂತ. ಇದು ಹೇಲಂತ! ಮೇಡಂ ಅವರಿಗೆ ಹದಿನೈದು ಕೋಟಿ ವರ್ಷದ ಹೇಲು ಸಿಕ್ಕೈತಿ!"

ನನಗೆ ಅಳುವೂ ಬಂತು, ಸಿಟ್ಟೂ ಬಂತು. ಆ ಸಿಟ್ಟಿನಲ್ಲೇ ಕಲ್ಲು ಒಡೆಯುತ್ತಾ ಕೂತೆ. ಮಧ್ಯಾಹ್ನದ ಹೊತ್ತಿಗೆ ಒಂದು ಫರಸಿ ಬಾಯಿಬಿಟ್ಟಿತು. ಒಳಗೆ ಬೆರಳುದ್ದದ ಕಂದು ಪಟ್ಟಿ. ಅದರ ಒಂದು ತುದಿಯಲ್ಲಿ ಕೊಕ್ಕೆಯಂತೆ ಬಾಗಿದ ಎರಡು ಕರಿ ಚುಕ್ಕಿ. ಫೋನಿನ ಕ್ಯಾಮೆರಾದಲ್ಲಿ ದೊಡ್ಡದು ಮಾಡಿ ನೋಡಿದೆ. ಎರಡೂ ಪಕ್ಕಕ್ಕೆ ಸಾಲಾಗಿ ಕುಚ್ಚು, ಕುಚ್ಚು, ಕುಚ್ಚು! ಅಯ್ಯೋ ದೇವರೇ! ಈ ಸಲ ಕಿರುಚಲಿಲ್ಲ.

"ರೀ, ಬರ್ರಿ ಇಲ್ಲೆ."

"ಮತ್ತ ಹೇಲಾ?"

"ಬಾಯಿ ಮುಚ್ಚಿ ನೋಡ್ರಿ."

"ಗೆರಿ ಇದ್ದಂಗ ಐತಿ."

"ಗೆರಿಗೆ ಹಲ್ಲ ಇರ್ತಾವೇನ್ರಿ?"

ಮತ್ತೊಮ್ಮೆ ನಗೆಪಾಟಲಾದರೆ ಏನು ಗತಿ? ಆದರೂ ಫರಸಿಯನ್ನು ಕೂಸಿನಂತೆ ಎತ್ತಿಕೊಂಡು ನಾನೇ ಮುದುಕರ ಹತ್ತಿರ ಹೋದೆ. ಅವರು ನಗುತ್ತಲೇ ಬಗ್ಗಿದರು. ಬಗ್ಗಿದವರು ಏಳಲೇ ಇಲ್ಲ. ಭೂತಗನ್ನಡಿಯನ್ನು ಪಟ್ಟಿಯ ಈ ತುದಿಯಿಂದ ಆ ತುದಿಗೆ ಸರಿಸುತ್ತಾ ಮೆಲ್ಲಗೆ ಏನೋ ಅಂದರು.

"ಖರೇನ ಹುಳಾ ಅಂತ," ಎಂದರು ಗಂಡ. ಅವರ ದನಿಯೇ ಬದಲಾಗಿತ್ತು. "ಮೆತ್ತನ್ನ ಮೈ ಎಲ್ಲಾ ಕೊಳತು ಹೋಗ್ತದಂತ. ಹಿಂಗ ಕೂದಲಾ ಸೈತ ಉಳಿಯೂದು ಭಾಳ ಅಪರೂಪ ಅಂತ."

ನಾನು ಅಲ್ಲೇ ಕುಣಿದಾಡಿಬಿಟ್ಟೆ! ಅಕ್ಕಪಕ್ಕ ಕಲ್ಲು ಒಡೆಯುತ್ತಿದ್ದವರೆಲ್ಲ ಏನಾಯಿತೆಂದು ಎದ್ದು ಬಂದರು. ಮುದುಕರು ನನ್ನ ಮುಖ ನೋಡಿ, ಹೇಗೆ ಗುರುತು ಹಿಡಿದಿರಿ, ನೀವೇನು ಮಾಡುತ್ತೀರಿ ಎಂದು ಕೇಳಿದರು. ಅಷ್ಟು ಜರ್ಮನ್ ನನಗೆ ಅರ್ಥವಾಗುತ್ತದೆ. ಗಂಡ ಎಂದಿನಂತೆ ಬಾಯಿ ತೆರೆದರು. ನಾನು ಅವರ ರಟ್ಟೆ ಹಿಡಿದು ಹಿಂದಕ್ಕೆಳೆದೆ.

"ನಾ ಹೇಳ್ತೀನಿ. ನೀವು ಸುಮ್ನಿರ್ರಿ."

ಜೂಲಜಿ, ಕಾಲೇಜು, ಟೀಚರ್ ಎಂದು ಗೊತ್ತಿದ್ದ ಪದಗಳನ್ನೆಲ್ಲ ಒಟ್ಟಿಗೆ ಸುರಿದೆ. ವ್ಯಾಕರಣ ಹಾಳಾಗಿ ಹೋಗಲಿ. ಮುದುಕರು ಭೂತಗನ್ನಡಿಯನ್ನು ಕೊರಳಿಂದ ತೆಗೆದು ನನ್ನ ಕೈಗೆ ಕೊಟ್ಟು, ಹಾಗಾದರೆ ಇವರಿಗೆಲ್ಲ ನೀವೇ ತಿಳಿಸಿ ಹೇಳಿ ಎಂದು ಜನರ ಕಡೆ ಕೈ ತೋರಿದರು. ನಾನು ಬಿಡುತ್ತೀನಾ? ನಾನು ಕನ್ನಡದಲ್ಲಿ ಹೇಳುವುದು, ಗಂಡ ಜರ್ಮನ್‌ಗೆ ತಿರುಗಿಸುವುದು. ದವಡೆಯಿಂದ ಶುರು ಮಾಡಿದೆ. ಜನ ಪ್ರಶ್ನೆ ಕೇಳಿದರು, ಗಂಡ ನನಗೆ ದಾಟಿಸಿದರು, ನಾನು ಉತ್ತರ ಕೊಟ್ಟೆ. ಗಂಟಲು ಒಣಗಿದರೂ ನಿಲ್ಲಿಸಲು ಮನಸ್ಸಿಲ್ಲ.

ಜನ ಒಬ್ಬೊಬ್ಬರಾಗಿ ತಮ್ಮ ಕಲ್ಲುಗಳ ಕಡೆ ಹೊರಟರು. ಗಂಡ ಇನ್ನೂ ಫರಸಿಯ ಮೇಲೆ ಬಗ್ಗಿಯೇ ಇದ್ದರು.

"ಇಷ್ಟೊಂದು ಕಾಲು ಯಾಕ್ ಬೇಕು ಈ ಹುಳಕ್ಕ?"

"ಯಾರ್ ಕೇಳಿದ್ದು?" ಎಂದು ನಾನು ಸುತ್ತ ನೋಡಿದೆ.

"ಯಾರೂ ಅಲ್ಲ," ಎಂದರು. "ನಾನ ಕೇಳಾಕತ್ತೀನಿ."