ಯಂತ್ರಕ್ಕೆ ಬಲಗೈ ಕಲಿಸಿದ ವಾರ್ಸಿನಿ

ಮಸೀದಿಯ ಬೆಳಗಿನ ಬಾಂಗ್ ಮುಗಿದು ಐದು ನಿಮಿಷವಾಗಿಲ್ಲ. ಜಾವಾ ದ್ವೀಪದ ಕ್ಲಾಟೆನ್ ಪಟ್ಟಣದ ಓಣಿಯೊಂದರಲ್ಲಿ ವಾರ್ಸಿನಿ ಅನ್ನಕ್ಕಿಟ್ಟು, ಅಕ್ಕಿ ಡಬ್ಬಿಗೆ ಮೊಬೈಲು ಒರಗಿಸಿಕೊಂಡು ಕೂತಿದ್ದಾರೆ. ಪರದೆಯ ಮೇಲೆ ಜಾವಾದ ಕುಟುಂಬವೊಂದು ಊಟ ಮಾಡುತ್ತಿದೆ. ಎಲ್ಲರ ಮುಖದಲ್ಲೂ ನಗು, ಎಲ್ಲರ ತುತ್ತೂ ಎಡಗೈಯಲ್ಲಿ.

"ಅಯ್ಯೋ ನಿಮ್ಮ! ಪಕ್ಕದಲ್ಲೇ ಅಜ್ಜಿ ಕೂತಿದಾಳೆ, ಒಬ್ರಿಗೂ ಒಂದೇಟು ಬಿದ್ದಿಲ್ವಲ್ಲ!" ಎಂದು ಗದರಿ ಚಿತ್ರವನ್ನು ತಳ್ಳಿಹಾಕುತ್ತಾರೆ.

ಕೃತಕ ಬುದ್ಧಿಮತ್ತೆ ಬರೆಯುವ ಚಿತ್ರಗಳು ಶಾಲೆಯ ಪುಸ್ತಕ ಸೇರುವ ಮೊದಲು ಅವುಗಳ ತಪ್ಪು ಹಿಡಿಯುವುದು ನಲವತ್ತೊಂಬತ್ತು ವರ್ಷದ ಇವರ ಕೆಲಸ. ದಿನಕ್ಕೆ ನಾನೂರು ಚಿತ್ರ. ಹದಿನೆಂಟು ವರ್ಷ ಶಾಲೆಯ ಕ್ಯಾಂಟೀನಿನಲ್ಲಿ ಬಡಿಸಿದವರು, ಮಂಡಿ ಕೈಕೊಟ್ಟ ಮೇಲೆ ಇದಕ್ಕೆ ಬಂದರು. ಗಂಡ ತೀರಿಕೊಂಡ ಮನೆ ನಡೆಯುವುದು ಇದರಿಂದಲೇ.

ಕಳೆದ ವರ್ಷ ಈ ಕೆಲಸವೂ ತಪ್ಪಿಹೋಗುವುದರಲ್ಲಿತ್ತು. ಕಂಪನಿಯ ಪಟ್ಟಿಯಲ್ಲಿದ್ದದ್ದು ಏಳೇ ತಪ್ಪು: ಆರು ಬೆರಳು, ಮೆಳ್ಳಗಣ್ಣು, ಇಂಥವು. ಯಂತ್ರ ಕಲಿತದ್ದೂ ದೂರದೇಶದ ಚಿತ್ರ ನೋಡಿ, ಪಟ್ಟಿ ಬರೆದವರೂ ಅಲ್ಲಿಯವರೇ. ಅವರಿಗೆ ಯಾವ ಕೈಯಾದರೇನು! ಪಟ್ಟಿಯಲ್ಲಿಲ್ಲದ ತಪ್ಪು ಹಿಡಿದಷ್ಟೂ ವಾರ್ಸಿನಿಯ ಅಂಕ ಇಳಿಯುತ್ತಿತ್ತು. ಅರವತ್ತರ ಕೆಳಗೆ ಹೋದವರಿಗೆ ಕೆಲಸವಿಲ್ಲ. ಇವರು ಅರವತ್ತೊಂದಕ್ಕೆ ಬಂದು ನಿಂತಿದ್ದರು.

"ಬೆರಳು ಐದಿದ್ರೆ ಪಾಸ್ ಮಾಡಿಬಿಡಿ ಬು. ಯಾಕೆ ಈ ಹಟ?" ಎಂದು ಮೇಲ್ವಿಚಾರಕ ಹರ್ಯೋ ಫೋನಿನಲ್ಲಿ ಗೋಗರೆದ. ತಾಯಿ ವಯಸ್ಸಿನವರನ್ನು ಅಲ್ಲಿ ಬು ಎಂದೇ ಕರೆಯುವುದು.

ಆತ ತಿಂಗಳ ಸಭೆಗೆ ಬಂದಾಗ, ಇದೇ ಕೆಲಸದ ಇಪ್ಪತ್ತಮೂರು ಹೆಂಗಸರ ಎದುರಿಗೆ ವಾರ್ಸಿನಿ ಚಹಾ ಕೊಟ್ಟರು. ಎಡಗೈಯಲ್ಲಿ. ಎಷ್ಟಾದರೂ ಜಾವಾದ ತಾಯಿ ಸಾಕಿದ ಮಗ; ಹರ್ಯೋ ಚಾಚಿದ ಕೈಯನ್ನು ತಟ್ಟನೆ ಹಿಂದೆಳೆದುಕೊಂಡ.

"ಬು! ಇದೇನಿದು?"

"ಐದು ಬೆರಳೂ ಇವೆಯಲ್ಲಪ್ಪ, ಎಣಿಸ್ಕೋ. ಪಾಸ್ ಮಾಡು."

ಹೆಂಗಸರು ಬಿದ್ದುಬಿದ್ದು ನಕ್ಕರು. ಕಿವಿ ಕೆಂಪಾದ ಹರ್ಯೋ ಕೂಡ ನಕ್ಕ, ಅಂದೇ ಮೇಲಿನವರಿಗೆ ಬರೆದ. ಮೂರು ವಾರದಲ್ಲಿ ಪಟ್ಟಿಗೆ ಎಂಟನೆಯ ತಪ್ಪಾಗಿ ಎಡಗೈ ಸೇರಿತು. ಕಳೆದುಕೊಂಡ ಅಂಕಗಳೆಲ್ಲ ಮರಳಿದವು, ಪುಸ್ತಕದ ಮುನ್ನೂರ ಹನ್ನೆರಡು ಚಿತ್ರಗಳು ತಿದ್ದಿಕೊಂಡು ಹೊಸದಾಗಿ ಬಂದವು. ಒಂಬತ್ತನೆಯ ತರಗತಿಗೆ ಶಾಲೆ ಬಿಟ್ಟ ಹೆಂಗಸು ದೊಡ್ಡ ದೊಡ್ಡವರ ಪಟ್ಟಿಯನ್ನೇ ತಿದ್ದಿಸಿದ್ದರು. ಎದೆಯುಬ್ಬುವ ಮಾತಲ್ಲವೇ?

"ಏನ್ ಬು, ನಿಮ್ಮ ದಡ್ಡ ಯಂತ್ರ ಇವತ್ತೇನು ಮಾಡ್ತು?" ಎಂದು ಓಣಿಯವರು ಈಗ ಕೆಣಕುತ್ತಾರೆ. ವಾರ್ಸಿನಿ ಮಾತ್ರ ಅದನ್ನು ಬಿಟ್ಟುಕೊಡುವುದಿಲ್ಲ.

"ದಡ್ಡ ಅನ್ಬೇಡಿ. ಪಾಪ, ಅದಕ್ಕೆ ಮನೇಲಿ ಹೇಳ್ಕೊಡೋ ದೊಡ್ಡೋರು ಇರ್ಲಿಲ್ಲ, ಅಷ್ಟೆ. ಈಗ ನಾನಿದೀನಲ್ಲ."