ಅಮ್ಮ ಹಾಕಿ ತೋರಿಸಿದ ಕ್ಯಾಸೆಟ್

ತ್ರಿಪ್ಲಿಕೇನಿನ ನಮ್ಮ ಮನೆಗೆ ಯಾರೇ ಬರಲಿ, ಕಾಫಿ ಕುಡಿಯದೆ ಹೋಗುವಂತಿರಲಿಲ್ಲ. ಕರೆಂಟ್ ಮೀಟರ್ ನೋಡಲು ಬಂದವನನ್ನೂ ಅಮ್ಮ ಬಿಡುತ್ತಿರಲಿಲ್ಲ. ಅಂಥ ಅಮ್ಮ ಒಂದು ಮಧ್ಯಾಹ್ನ, ನಾನು ಚಪ್ಪಲಿ ಬಿಡುವ ಮೊದಲೇ ಸಂಭ್ರಮದಿಂದ ಹೇಳಿದಳು: “ಟೀವಿಯವರು ಇಬ್ಬರು ಬಂದಿದ್ರು ಕಣೇ. ಪಾವಂ, ಬಿಸಿಲಲ್ಲಿ ನಡ್ಕೊಂಡು ಬಂದಿದ್ರು. ನಿನ್ನ ಪಡಂ ನೋಡ್ಬೇಕು ಅಂದ್ರು. ಹಾಕಿ ತೋರಿಸ್ದೆ.”

ನಾನು ಯಾವ ಟೀವಿಯವರಿಗೂ ಚಿತ್ರದ ವಿಷಯ ಹೇಳಿರಲಿಲ್ಲ.

ಎರಡು ಸಾವಿರದ ಇಸವಿಯ ಆಸುಪಾಸಿನ ಮಾತು. ಬೆಸೆಂಟ್ ನಗರದ ಆಚೆ, ಕಡಲಂಚಿನ ಮೀನುಗಾರರ ಕೇರಿಯ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೆ. ಬಲೆ ಒಣಗಿಸುವ ಮರಳು, ಮೊದಲ ಮೀನು ಇಟ್ಟು ಕೈಮುಗಿಯುವ ದೇವಿಯ ಕಲ್ಲು, ಎಲ್ಲವೂ ತಲೆಮಾರುಗಳಿಂದ ಅವರದೇ. ಆದರೆ ಕಾಗದದಲ್ಲಿ ಅವರ ಹೆಸರಿರಲಿಲ್ಲ. ಅಲ್ಲಿ ಬಂಗಲೆ ಕಟ್ಟಲು ಹೊರಟವರು ಬೇಲಿ ಹಾಕಲು ಬಂದರು. ಜನ ಅಡ್ಡ ನಿಂತರು. ಆ ವಾರವೇ ಬಲೆಗಳಿಗೆ ಬೆಂಕಿ ಬಿತ್ತು. ಬೆಂಕಿ ಇಟ್ಟವನನ್ನು ಕಣ್ಣಾರೆ ಕಂಡವಳು ಮೀನು ಮಾರುವ ಒಬ್ಬ ಅಜ್ಜಿ. ತನ್ನ ಗುಡಿಸಲ ಮುಂದೆ ಕೂತು, ಕ್ಯಾಮೆರಾಗೆ ಅವನ ಹೆಸರನ್ನೂ ಹೇಳಿಬಿಟ್ಟಿದ್ದಳು. ಎಡಿಟಿಂಗ್‌ಗೆ ಮೊದಲು ನೋಡಿಕೊಳ್ಳಲೆಂದು ನಾನು ಅದನ್ನೆಲ್ಲ ಹಾಗೆಯೇ ಮನೆಯ ವಿಡಿಯೋ ಕ್ಯಾಸೆಟ್ಟಿಗೆ ಇಳಿಸಿಕೊಂಡಿದ್ದೆ.

“ಅಜ್ಜಿ ಮಾತಾಡೋದನ್ನ ಅವರು ನೋಡಿದ್ರಾ ಅಮ್ಮಾ?”

“ಅದನ್ನೇ ರಿವೈಂಡ್ ಮಾಡಿಸಿ ಇನ್ನೊಂದ್ಸಲ ನೋಡಿದ್ರು. ಎಷ್ಟು ಚೆನ್ನಾಗಿ ಮಾತಾಡ್ತಾಳೆ ಅಂದ್ರು.”

ಮಗಳ ಕೆಲಸ ಮೆಚ್ಚಿದರೆಂದು ಅಮ್ಮನ ಮುಖ ಅರಳಿತ್ತು. ಚೆನ್ನಾಗಿ ಬೈಯಬೇಕೆಂದು ಬಾಯಿ ತೆರೆದೆ. ಸಿಟ್ಟಿಗಿಂತ ಹೆದರಿಕೆಯೇ ಜಾಸ್ತಿಯಾಗಿತ್ತು. ಚಪ್ಪಲಿ ಕೂಡ ಬಿಡದೆ ಹಾಗೆಯೇ ಹೊರಗೆ ಓಡಿದೆ.

ಆಟೋದವನು ದಾರಿಯುದ್ದಕ್ಕೂ ಸಿನಿಮಾ ಮಾತಾಡುತ್ತಿದ್ದ. ನನಗೆ ಸಿಗ್ನಲ್ಲಿನಲ್ಲಿ ಹಿಂದೆ ನಿಂತ ಪ್ರತಿ ಬೈಕೂ ಬಂಗಲೆಯವರ ಕಡೆಯದೇ ಅನಿಸುತ್ತಿತ್ತು. ಆ ಮುದುಕಿಗೆ ಏನಾದರೂ ಆದರೆ ಈ ಚಿತ್ರ ಇಟ್ಟುಕೊಂಡು ಏನು ಮಾಡಲಿ, ಯಾರಿಗೆ ತೋರಿಸಲಿ?

ಅಜ್ಜಿ ಗುಡಿಸಲ ಮುಂದೆ ಒಣಮೀನು ಹರಡುತ್ತಿದ್ದಳು. ಅವಳನ್ನು ಕಂಡದ್ದೇ ನನಗೆ ಅಳು ಬಂತು. ನಡೆದದ್ದನ್ನು ಹೇಳಿದೆ.

“ಬಂದಿದ್ರು,” ಎಂದಳು ತಮಿಳಿನಲ್ಲಿ. “ಏನೂ ಮಾತಾಡ್ಲಿಲ್ಲ. ಇಲ್ಲೇ ನಿಂತು, ಮನೆ ನೋಡ್ಕೊಂಡು ಹೋದ್ರು.”

ಮೀನು ತಿರುವಿ ಹಾಕುತ್ತಲೇ ಅವಳು ಮತ್ತೆ ಮತ್ತೆ ದಾರಿಯ ಕಡೆ ನೋಡುತ್ತಿದ್ದಳು. ಇವಳಿಗೆ ಭಯವೆಂದರೆ ಏನೆಂದೇ ಗೊತ್ತಿಲ್ಲ ಅಂತ ಅಲ್ಲಿಯವರೆಗೂ ಅಂದುಕೊಂಡಿದ್ದೆ.

“ಚಿತ್ರದಿಂದ ನಿನ್ನ ಮುಖ ತೆಗೆದುಬಿಡ್ತೀನಿ ಪಾಟಿ. ಮಾತೂ ಬರಲ್ಲ.”

ಅವಳು ನನ್ನ ಮಣಿಕಟ್ಟು ಹಿಡಿದುಕೊಂಡಳು. “ಬೇಡಮ್ಮಾ. ಅವರು ನೋಡಾಯ್ತು. ಮಿಕ್ಕವರೂ ನೋಡ್ಲಿ. ನಾಳೆ ನಾನು ಇಲ್ಲಾಂದ್ರೆ, ಆ ಮುದುಕಿ ಎಲ್ಲಿ ಅಂತ ಯಾರಾದ್ರೂ ಕೇಳ್ಬೇಕಲ್ಲ.”

ಹಿಡಿದ ಕೈ ಅವಳು ಬಿಡಲಿಲ್ಲ. ದಾರಿಯಲ್ಲಿ ಬರುವವರನ್ನೆಲ್ಲ ನೋಡುತ್ತಾ ಇಬ್ಬರೂ ಅಲ್ಲೇ ಕೂತಿದ್ದೆವು.